ಬೊನಾಕೆಲೆಗೆ ಹಾಕಿದ ಕುರ್ಚಿ

ಖಿವಾನೆ ಸರೋವರದ ಪಾರ್ಕಿನಲ್ಲಿ ಹಕ್ಕಿ ತೋರಿಸುವ ಗೈಡುಗಳು ಹಲವರಿದ್ದರು. ಆದರೆ ಹಕ್ಕಿ ಕಣ್ಣಿಗೆ ಬೀಳುವ ಮೊದಲೇ ಕಿವಿಯಿಂದ ಹಿಡಿಯುವವಳು ಬೊನಾಕೆಲೆ ಝಿಖಾಲಿ ಒಬ್ಬಳೇ ಎಂದು ಸಫಾರಿ ಕಂಪನಿಯ ಮ್ಯಾನೇಜರ್ ಡೆರಿಕ್ ಬಂದವರಿಗೆಲ್ಲ ಹೇಳುತ್ತಿದ್ದ. ಇದನ್ನೆಲ್ಲಿ ಕಲಿತೆ ಎಂದು ಯಾರಾದರೂ ಕೇಳಿದರೆ ಅವಳು ಎದೆಯ ಮೇಲಿನ ಬಿಲ್ಲೆ ಮುಟ್ಟಿ ತೋರಿಸಿ, "ಪಾರ್ಕಿನ ತರಬೇತಿ" ಎನ್ನುತ್ತಿದ್ದಳು. ಅದು ನಿಜವಲ್ಲ. ಅವಳು ಕಲಿತದ್ದು ಕದ್ದು ಮೀನು ಹಿಡಿಯುವವನಿಗೆ ಕಾವಲು ಕೂತು.

ಬೊನಾಕೆಲೆಯ ತಾಯಿ ಮದುವೆಯಾಗದೆಯೇ ಅವಳನ್ನು ಹೆತ್ತು, ಹಾಲು ಬಿಡಿಸಿ, ಅಣ್ಣನ ಮನೆಯಲ್ಲಿ ಬಿಟ್ಟು ಡರ್ಬನ್ನಿಗೆ ಮನೆಗೆಲಸಕ್ಕೆ ಹೋದಳು. ಮೊದಲು ಹಬ್ಬಕ್ಕೊಮ್ಮೆ ಬರುತ್ತಿದ್ದಳು, ಆಮೇಲೆ ಕೆಮ್ಮು ಹಿಡಿದು ಅಲ್ಲೇ ತೀರಿಕೊಂಡಳು. ಸಾಕಿದವನು ಸೋದರಮಾವ ಫಲಾಖೆ. ಅವನೂ ಅವನ ಹೆಂಡತಿ ಮಾನ್ಸೆಲೆಯೂ ಪಾರ್ಕಿನ ಬೇಲಿಯಾಚೆ ತಫೇನಿ ಎಂಬ ಊರಿನಲ್ಲಿದ್ದರು. ಅವರಿಗೆ ಮಕ್ಕಳಿರಲಿಲ್ಲ. ತಫೇನಿಯ ಅರ್ಧ ಊರು ಒಂದು ಕಾಲಕ್ಕೆ ಸರೋವರದ ದಡದಲ್ಲೇ ಇತ್ತು. ಪೈನ್ ಮರ ನೆಡಬೇಕೆಂದು ಸರ್ಕಾರ ಎಲ್ಲರನ್ನೂ ಲಾರಿಗೆ ತುಂಬಿ ಈಗಿನ ಜಾಗಕ್ಕೆ ತಂದು ಸುರಿಯಿತು. ಆಗ ಫಲಾಖೆ ಇನ್ನೂ ಚಡ್ಡಿ ಹಾಕದ ಹುಡುಗ. ಆಮೇಲೆ ಪೈನ್ ಮರಗಳನ್ನೂ ಕಡಿಸಿ ಪಾರ್ಕು ಮಾಡಿದರು. ಕೊನೆಗೆ ಮರಗಳಿಗೂ ಜಾಗ ಖಾಲಿ ಮಾಡಲು ಹೇಳಿದರು ಎಂದು ಅವನ ಅಪ್ಪ ನಗುತ್ತಿದ್ದನಂತೆ.

ಅಪ್ಪ ಮೀನು ಹಿಡಿದ ನೀರಲ್ಲೇ ಫಲಾಖೆಯೂ ಮೀನು ಹಿಡಿದ. ಬಲೆ ಹಾಕುವುದು ಅಪರಾಧವೆಂದು ಬೋರ್ಡು ಹಾಕಿದ ಮೇಲೂ ಹಿಡಿದ. ಬೊನಾಕೆಲೆಗೆ ನಡೆಯಲು ಬಂದ ಮೇಲೆ ಅವಳನ್ನೂ ಕರೆದುಕೊಂಡು ಹೋಗಿ, ನೀರಿಗೆ ಬೆನ್ನು, ಕಾಲುದಾರಿಗೆ ಮುಖ ಮಾಡಿ ದಿಬ್ಬದ ಮೇಲೆ ಕೂರಿಸುತ್ತಿದ್ದ.

"ಕಣ್ಣನ್ನ ನಂಬಬೇಡ ಕಣೇ, ಜೊಂಡಲ್ಲಿ ಏನೂ ಕಾಣಲ್ಲ. ಟಿಟ್ಟಿಭ ಕೂಗ್ತಾ? ಹಾಗಾದ್ರೆ ಯಾರೋ ನಡ್ಕೊಂಡು ಬರ್ತಿದಾರೆ. ನೀರುಕಾಗೆ ಒಟ್ಟಿಗೆ ಎದ್ವಾ? ದೋಣೀಲಿ ಬರ್ತಿದಾರೆ. ಎಲ್ಲ ಒಂದೇ ಸಲ ಸುಮ್ಮನಾದ್ವಾ? ಆಗ ನೀನು ಓಡು."

"ನೀನು?"

"ನಾನು ಮುಳುಗ್ತೀನಿ. ಮೊಸಳೆಗೆ ನನ್ನ ಗುರುತಿದೆ, ನಿನ್ನದಿಲ್ಲ."

ಹೀಗೆ ಅವಳಿಗೆ ಒಂದೊಂದು ಕೂಗೂ ತಲೆಗೆ ಹತ್ತಿತು. ದೊಡ್ಡವಳಾದ ಮೇಲೆ ಪಾರ್ಕಿನವರು ಬೇಲಿಯಾಚೆಯ ಊರುಗಳಿಂದ ಗೈಡುಗಳನ್ನು ಆರಿಸುತ್ತಾರೆಂದು ಸುದ್ದಿ ಬಂದಾಗ ಅವಳನ್ನು ದೂಡಿ ಕಳಿಸಿದವನು ಮಾವನೇ. ಪರೀಕ್ಷೆಯ ದಿನ ಟೇಪಿನಲ್ಲಿ ಹಕ್ಕಿಗಳ ಕೂಗು ಹಾಕಿದರು. ಅವಳು ಒಂದನ್ನೂ ಬಿಡದೆ ಹೇಳಿದಳು. ಸಂಜೆ ಖಾಕಿ ಬಟ್ಟೆ ಹಾಕಿಕೊಂಡು ಮನೆಗೆ ಬಂದಾಗ ಮಾನ್ಸೆಲೆ ಬಾಗಿಲಲ್ಲೇ ಕೈ ಎತ್ತಿದಳು.

"ಅಯ್ಯೋ, ಹಿಡಿಯೋಕೆ ಬಂದ್ರು! ಮುದುಕನ್ನ ಮಂಚದ ಕೆಳಗೆ ಬಚ್ಚಿಡ್ತೀನಿ ತಾಳು!"

ಫಲಾಖೆ ಬಿದ್ದು ಬಿದ್ದು ನಕ್ಕ. ಆಮೇಲೆ ಅವಳನ್ನು ಹತ್ತಿರ ಕೂರಿಸಿಕೊಂಡು ಮೆಲ್ಲಗೆ ಹೇಳಿದ: "ನೋಡು, ಬೇಲಿ ಒಳಗೆ ನಾನು ನಿನ್ನ ಮಾವ ಅಲ್ಲ. ಯಾವತ್ತಾದ್ರೂ ಕೇಳಿದ್ರೆ ನಿಂಗೆ ನಾನು ಗೊತ್ತಿಲ್ಲ, ನಂಗೆ ನೀನು ಗೊತ್ತಿಲ್ಲ. ಇಬ್ರಲ್ಲಿ ಒಬ್ರಾದ್ರೂ ಅನ್ನ ತಿನ್ಬೇಕು."

"ಯಾರಾದ್ರೂ ನಂಬ್ತಾರಾ? ಇಬ್ರ ಮೂಗು ನೋಡಿದ್ರೇ ಸಾಕು."

"ಮೂಗಿಗೆ ನೀನೇ ಏನಾದ್ರೂ ಸಮಾಧಾನ ಹೇಳು."

ಈ ಒಪ್ಪಂದ ಬಹಳ ವರ್ಷ ನಡೆಯಿತು. ಅವಳು ಊರಲ್ಲೇ ಬೇರೆ ಬಾಡಿಗೆ ಕೋಣೆ ಹಿಡಿದಳು. ಭಾನುವಾರ ಮಾವನ ಮನೆಗೆ ಬಂದಾಗ ಬೊನಾಕೆಲೆ ಚಾಪೆಯ ಮೇಲೆ ಕೂತು ಅತ್ತೆಯ ಜೊತೆ ಕೆಸುವಿನ ಗೆಡ್ಡೆ ಸುಲಿಯುತ್ತಾ, ಆ ವಾರ ಯಾವ ದಿನ ಯಾವ ದಡಕ್ಕೆ ಸಫಾರಿ ಹೋಗುತ್ತದೆಂದು ಹೇಳುತ್ತಿದ್ದಳು. ಮಾವನ ಕಡೆ ತಿರುಗಿಯೂ ನೋಡುತ್ತಿರಲಿಲ್ಲ. ಅವನು ಮೂಲೆಯಲ್ಲಿ ನಶ್ಯ ಏರಿಸುತ್ತಾ ಕೇಳಿಸದವನಂತೆ ಇರುತ್ತಿದ್ದ. ಅವಳು ಉತ್ತರ ದಡಕ್ಕೆ ಹೋದ ದಿನ ಅವನು ದಕ್ಷಿಣದಲ್ಲಿ ಬಲೆ ಬಿಡುತ್ತಿದ್ದ. ರಾತ್ರಿ ನಾಯಿಗಳ ಜೊತೆ ಗಸ್ತು ಶುರುವಾದ ಮೇಲೆ ಅವನು ಹಗಲಿನಲ್ಲೇ, ಗಾರ್ಡುಗಳು ಊಟಕ್ಕೆ ಕೂತ ಹೊತ್ತಿಗೆ ನೀರಿಗಿಳಿಯತೊಡಗಿದ್ದ.

ಅವಳ ಬದುಕು ಕೆಟ್ಟ ದಿನ ಬೆಳಿಗ್ಗೆ ಯಾವ ಕೆಡುಕಿನ ಸೂಚನೆಯೂ ಇರಲಿಲ್ಲ. ಹಾಲೆಂಡಿನಿಂದ ಬಂದ ಹೆಂಕ್ ಮತ್ತು ಮಾರೈಕೆ ಎಂಬ ನಿವೃತ್ತ ಗಂಡ-ಹೆಂಡತಿ ಇಡೀ ದಿನದ ಸಫಾರಿಗೆ ಹೊರಟಿದ್ದರು. ಒಳ್ಳೆಯ ಜನ. ಹೆಂಕ್ ಹತ್ತಿರ ತೊಡೆಯಷ್ಟು ದಪ್ಪದ ಲೆನ್ಸಿನ ಕ್ಯಾಮೆರಾ ಇತ್ತು. ಮಾರೈಕೆ ಬೊನಾಕೆಲೆಯ ಹೆಸರನ್ನು ಸರಿಯಾಗಿ ಹೇಳಲು ಕಲಿತೇ ಜೀಪು ಹತ್ತಿದಳು. ಮಂಜು ಹರಿಯುವ ಮೊದಲೇ ಕಾಡಿನ ದಾರಿಯಲ್ಲಿ ಮಂಗಟ್ಟೆ ಹಕ್ಕಿಗಳ ಹಿಂಡು ಸಿಕ್ಕಿತು. ಬಿಸಿಲೇರಿದಾಗ ಹುಲ್ಲುಗಾವಲಿನ ಹೊಂಡದಲ್ಲಿ ನೀರುಕುದುರೆಗಳು, ಅವುಗಳ ಬೆನ್ನ ಮೇಲೆ ಬೆಳ್ಳಕ್ಕಿ. ಹೆಂಕ್ ಮಗುವಿನ ಹಾಗೆ ಖುಷಿಯಾಗಿದ್ದ. ಬೊನಾಕೆಲೆ ಬುಟ್ಟಿ ಬಿಚ್ಚಿ ತಣ್ಣಗಿನ ಕೋಳಿ, ಬ್ರೆಡ್ಡು, ಬೀಟ್‌ರೂಟ್ ಬಡಿಸಿದಳು. ಊಟದ ನಡುವೆ ಹೆಂಕ್ ಕೇಳಿದ:

"ದಕ್ಷಿಣ ದಡದಲ್ಲಿ ಹೆಜ್ಜಾರ್ಲೆಗಳು ಸಾವಿರಗಟ್ಟಲೆ ಇಳಿದಿವೆ ಅಂತ ನಿನ್ನೆ ಹೋಟೆಲಲ್ಲಿ ಯಾರೋ ಹೇಳ್ತಿದ್ರು. ಈಗ ಅಲ್ಲಿಗೆ ಹೋಗೋಣವಾ?"

ಬೊನಾಕೆಲೆ ಬುಟ್ಟಿಯ ಮುಚ್ಚಳ ಹಾಕಿದಳು. ಹಿಂದಿನ ಭಾನುವಾರ ಅವಳು ಅತ್ತೆಗೆ ಹೇಳಿದ್ದು, ಈ ದಿನ ಉತ್ತರಕ್ಕೆ ಎಂದು.

"ಆ ಕಡೆ ದಾರಿ ಕೆಸರು. ಜೀಪು ಹೂತುಕೊಳ್ಳತ್ತೆ" ಎಂದಳು.

"ಹೂತುಕೊಂಡ್ರೆ ನಾನು ತಳ್ತೀನಿ."

ಅವಳು ವೈರ್‌ಲೆಸ್‌ನಲ್ಲಿ ಡೆರಿಕ್‌ಗೆ ಹೇಳಿದಳು. ಅವನಾದರೂ ಬೇಡವೆನ್ನಲಿ ಎಂಬ ಆಸೆ. ಡೆರಿಕ್ ಸಿಡುಕಿದ: "ಅಷ್ಟು ದೂರದಿಂದ ಬಂದಿದಾರೆ. ಕೇಳಿದ್ದು ತೋರಿಸಮ್ಮ. ಯಾವಾಗ್ಲಿಂದ ಕೆಸರಿಗೆ ಹೆದರೋಕೆ ಶುರು ಮಾಡಿದೆ?"

ದಾರಿಯುದ್ದಕ್ಕೂ ಅವಳು ಕಾರಣವಿಲ್ಲದೆ ಹಾರ್ನು ಹೊಡೆದಳು. ಜೀಪು ಇಳಿದು, ಜೊಂಡಿನ ನಡುವೆ ಹಕ್ಕಿ ನೋಡಲು ಕಟ್ಟಿದ ಮರದ ಅಟ್ಟಣೆಗೆ ನಡೆಯುವಾಗ ದೊಡ್ಡ ದನಿಯಲ್ಲಿ ಮಾತಾಡಿದಳು, ಕೆಮ್ಮಿದಳು, ಹಲಗೆಯ ಮೇಲೆ ಬೂಟು ಕುಟ್ಟಿದಳು. ಮಾರೈಕೆ ತುಟಿಗೆ ಬೆರಳಿಟ್ಟು ನಕ್ಕಳು: "ಶ್, ಬೆಳಿಗ್ಗೆ ನೀವೇ ಅಲ್ವಾ ಸದ್ದು ಮಾಡಬೇಡಿ ಅಂದಿದ್ದು?"

ಹೆಜ್ಜಾರ್ಲೆಗಳ ಗದ್ದಲದಲ್ಲಿ ಅವಳ ಕೆಮ್ಮು ಯಾರಿಗೂ ಕೇಳಿಸಲಿಲ್ಲ. ನೀರಿನ ಮೇಲೆ ಬಿಳಿ ಬಟ್ಟೆ ಹಾಸಿದಂತೆ ಅವು ತುಂಬಿದ್ದವು. ವೃತ್ತ ಕಟ್ಟಿ ಮೀನನ್ನು ನಡುವೆ ಅಟ್ಟುತ್ತಿದ್ದವು. ಆ ವೃತ್ತದ ಅಂಚಿನಲ್ಲಿ, ಸೊಂಟದವರೆಗಿನ ನೀರಿನಲ್ಲಿ, ಅಗಲ ಟೋಪಿಯ ಮುದುಕನೊಬ್ಬ ಬಲೆ ಎಳೆಯುತ್ತಿದ್ದ. ಹಕ್ಕಿಗಳು ಅವನಿಗೆ ಹೆದರಿರಲಿಲ್ಲ. ಒಂದು ಹೆಜ್ಜಾರ್ಲೆ ಕೈಗೆಟಕುವಷ್ಟು ಹತ್ತಿರ ತೇಲುತ್ತಿತ್ತು. ಅವನು ಬಲೆಯಿಂದ ಸಣ್ಣ ಮೀನೊಂದನ್ನು ಬಿಡಿಸಿ ಅದರ ಕಡೆ ಎಸೆದ.

"ಓ ದೇವರೇ" ಎಂದ ಹೆಂಕ್. ಕ್ಯಾಮೆರಾ ಪಟಪಟನೆ ಸದ್ದು ಮಾಡತೊಡಗಿತು. ನಡುವೆ ಕೇಳಿದ: "ಇಲ್ಲಿ ಮೀನು ಹಿಡಿಯೋ ಹಾಗಿಲ್ಲ ಅಂತ ಬೋರ್ಡಿತ್ತಲ್ಲ?"

ಬೊನಾಕೆಲೆ ಯೋಚಿಸಲಿಲ್ಲ. ಬಾಯಿ ತಾನೇ ಆಡಿತು. "ಅವರು ಪಾರ್ಕಿನವರೇ. ಮೀನಿನ ಲೆಕ್ಕ ತೆಗೀತಿದಾರೆ, ಸಂಶೋಧನೆಗೆ."

"ಹೌದಾ! ಎಂಥ ಕೆಲಸ!" ಎಂದು ಹೆಂಕ್ ಮತ್ತೆ ಕಣ್ಣಿಗೆ ಕ್ಯಾಮೆರಾ ಒತ್ತಿದ.

ಅವಳು ಗೊತ್ತಿಲ್ಲ ಅಂದುಬಿಟ್ಟಿದ್ದರೆ, ಅಥವಾ ಯಾರೋ ಕಳ್ಳ ಇರಬೇಕು, ತಿಳಿಸ್ತೀನಿ ಎಂದು ಹೇಳಿ ಮರೆತಿದ್ದರೆ, ಆ ಚಿತ್ರ ಹಾಲೆಂಡಿನ ಯಾವುದೋ ಮನೆಯ ಗೋಡೆ ಸೇರಿ ಸುಮ್ಮನಾಗುತ್ತಿತ್ತು. ಆದರೆ ಹೆಂಕ್ ಆ ಸಂಜೆ ಹೆಮ್ಮೆಯಿಂದ ಚಿತ್ರವನ್ನು ಡೆರಿಕ್‌ಗೆ ಕೊಟ್ಟ. ಡೆರಿಕ್ ಅದನ್ನು ಕಂಪನಿಯ ಫೇಸ್‌ಬುಕ್ಕಿನಲ್ಲಿ ಹಾಕಿ ಕೆಳಗೆ ಬರೆದ: ಹೆಜ್ಜಾರ್ಲೆಗಳ ನಡುವೆ ಪಾರ್ಕಿನ ಮೀನು ಸಂಶೋಧಕ. ಅಂಥ ಸಂಶೋಧಕ ಯಾರೂ ಇರಲಿಲ್ಲ. ಗಾರ್ಡುಗಳ ಮುಖ್ಯಸ್ಥ ನ್ಟುಲಿ ಆ ಚಿತ್ರ ನೋಡಿದ ಮೂರನೆಯ ದಿನ ಗಾರ್ಡುಗಳು, ಹಿಂದೊಮ್ಮೆ ಸಿಕ್ಕಿಬಿದ್ದವರ ಪಟ್ಟಿಯಲ್ಲಿದ್ದ ಫಲಾಖೆಯನ್ನು ಮನೆಯಿಂದ ಎಳೆದೊಯ್ದರು. ದೋಣಿಯನ್ನೂ ಬಲೆಯನ್ನೂ ಅಂಗಳದಲ್ಲೇ ಸುಟ್ಟರು. ಬಲೆಯ ಹೊಗೆ ನಾಲ್ಕು ಮನೆಗೆ ನಾರಿತು.

ಅದೇ ದಿನ ಬೊನಾಕೆಲೆಯನ್ನು ಕಚೇರಿಗೆ ಕರೆಸಿದರು. ನ್ಟುಲಿ ಹೊರಗಿನಿಂದ ವರ್ಗವಾಗಿ ಬಂದವನು, ತಫೇನಿಯಲ್ಲಿ ಯಾರು ಯಾರಿಗೆ ಏನಾಗಬೇಕೆಂದು ಅವನಿಗೆ ತಿಳಿದಿರಲಿಲ್ಲ. ಡೆರಿಕ್ ಗೋಡೆಗೊರಗಿ ನಿಂತಿದ್ದ.

"ಅವನು ಪಾರ್ಕಿನವನು ಅಂತ ನಿಂಗೆ ಯಾರು ಹೇಳಿದ್ದು?" ನ್ಟುಲಿ ಕೇಳಿದ.

"ಯಾರೂ ಇಲ್ಲ. ಅಷ್ಟು ಧೈರ್ಯವಾಗಿ ಹಗಲಲ್ಲಿ ನಿಂತಿದ್ರು. ನೌಕರರೇ ಇರಬೇಕು ಅಂದ್ಕೊಂಡೆ."

"ನೀನೂ ಝಿಖಾಲಿ, ಅವನೂ ಝಿಖಾಲಿ."

"ತಫೇನೀಲಿ ಕಣ್ಣು ಮುಚ್ಕೊಂಡು ಕಲ್ಲೆಸೀರಿ ಸಾರ್, ಝಿಖಾಲಿಗೇ ತಗುಲೋದು."

ಕೋಣೆಯಲ್ಲಿದ್ದ ಗಾರ್ಡುಗಳು ನಕ್ಕರು. ಅವರಲ್ಲಿ ಇಬ್ಬರು ತಫೇನಿಯವರೇ. ಅವಳನ್ನು ಅವರು ನೋಡಲಿಲ್ಲ. ನ್ಟುಲಿ ಫಲಾಖೆಯನ್ನು ಒಳಗೆ ತರಿಸಿದ. ಒಂದು ಕಣ್ಣು ಊದಿತ್ತು, ಕಾಲಲ್ಲಿ ಚಪ್ಪಲಿ ಇರಲಿಲ್ಲ.

"ಇವಳು ನಿಂಗೆ ಗೊತ್ತಾ?"

ಫಲಾಖೆ ಅವಳನ್ನು ಬೂಟಿನಿಂದ ಬಿಲ್ಲೆಯವರೆಗೆ ನಿಧಾನವಾಗಿ ನೋಡಿದ. "ಇಲ್ಲ ಸ್ವಾಮಿ. ಪಾರ್ಕಿನ ಬಟ್ಟೆ ಹಾಕ್ಕೊಂಡಿದಾರೆ. ಪಾರ್ಕಿನವರಿರಬೇಕು."

"ನಿಂಗೆ?"

"ಇಲ್ಲ" ಎಂದಳು ಬೊನಾಕೆಲೆ.

ಇಲ್ಲಿಯವರೆಗೆ ಎಲ್ಲ ಮಾವ ಹೇಳಿಕೊಟ್ಟಂತೆಯೇ ನಡೆದಿತ್ತು. ಆ ರಾತ್ರಿ ಅವಳು ಅತ್ತಳಾದರೂ ಮಾವನ ಜಾಣತನ ನೆನೆದು ಒಳಗೊಳಗೇ ಹೆಮ್ಮೆಯನ್ನೂ ಪಟ್ಟಳು. ಕೆಟ್ಟದ್ದು ಆಮೇಲೆ ಬಂತು. ಚಿತ್ರದಲ್ಲಿ ಟೋಪಿಯ ನೆರಳು ಬಿದ್ದು ಮುಖ ಸರಿಯಾಗಿ ಕಾಣುತ್ತಿರಲಿಲ್ಲ. ಹೆಂಕ್ ಊರಿಗೆ ಹೋಗಿಯಾಗಿತ್ತು. ನೀರಲ್ಲಿದ್ದವನು ಇವನೇ ಎಂದು ಹೇಳಲು ಉಳಿದ ಕಣ್ಣು ಅವಳದೊಂದೇ. ಪಟ್ಟಣದ ಕೋರ್ಟಿಗೆ ಸಾಕ್ಷಿಯಾಗಿ ಬರಬೇಕೆಂದು ಅವಳಿಗೆ ಹೇಳಿಕಳಿಸಿದರು.

ಡೆರಿಕ್ ಅವಳನ್ನು ತನ್ನ ಕಾರಿನಲ್ಲೇ ಕರೆದೊಯ್ದ. ದಾರಿಯಲ್ಲಿ ಹೇಳಿದ: "ನೀನು ಅನುಮಾನ ಅಂದ್ರೆ ಅವರಿಗೆ ಮೊದಲು ಬರೋ ಅನುಮಾನ ನಿನ್ನ ಮೇಲೆ. ನಿನ್ನ ಲೈಸೆನ್ಸು ಹೋಗತ್ತೆ, ನನ್ನ ಕಂಪನೀದೂ ಹೋಗಬಹುದು. ಇಪ್ಪತ್ತು ಮನೆ ನಮ್ಮನ್ನ ನಂಬ್ಕೊಂಡಿವೆ. ನೋಡಿದ್ದು ಹೇಳು, ಅಷ್ಟೇ. ಸುಳ್ಳು ಹೇಳು ಅಂತ ನಾನು ಹೇಳ್ತಿಲ್ಲ."

ಕಟಕಟೆಯಲ್ಲಿ ನಿಂತಾಗ ಅವಳಿಗೆ ಹೇಳಲು ಮಾತು ಸಿದ್ಧವಿತ್ತು: ದೂರದಲ್ಲಿದ್ದರು, ಟೋಪಿ ಇತ್ತು, ಖಂಡಿತವಾಗಿ ಹೇಳಲಾರೆ. ಸರ್ಕಾರಿ ವಕೀಲ ಕೇಳಿದ: "ಹಕ್ಕಿಗಳ ವಿಷಯದಲ್ಲಿ ನಿಮ್ಮ ಕಣ್ಣು ತಪ್ಪೋದೇ ಇಲ್ಲ ಅಂತಾರೆ. ಅರ್ಧ ಮೈಲಿ ದೂರದ ಹದ್ದು ಹೆಣ್ಣೋ ಗಂಡೋ ಹೇಳ್ತೀರಂತೆ. ಮನುಷ್ಯ ಕಾಣಲಿಲ್ವಾ?" ಹಿಂದಿನ ಬೆಂಚಿನಲ್ಲಿ ಯಾರೋ ಕಿಸಕ್ಕೆಂದರು. ನ್ಟುಲಿ ಅವಳನ್ನೇ ನೋಡುತ್ತಿದ್ದ.

"ಕಂಡ್ರು" ಎಂದಳು.

"ಆ ಮನುಷ್ಯ ಈ ಕೋಣೆಯಲ್ಲಿದ್ರೆ ತೋರಿಸಿ."

ಬೊನಾಕೆಲೆ ಕೈ ಎತ್ತಿದಳು. ಬೆರಳು ಮಾವನ ಕಡೆ ತಿರುಗಿತು. ಫಲಾಖೆ ಅವಳ ಮುಖ ನೋಡಲಿಲ್ಲ, ಬೆರಳನ್ನು ನೋಡಿದ. ಹಿಂದೆಯೂ ಒಮ್ಮೆ ಸಿಕ್ಕಿಬಿದ್ದು ಎಚ್ಚರಿಕೆ ಪಡೆದವನಾದ್ದರಿಂದ ಅವನನ್ನು ಜೈಲಿಗೆ ಕಳಿಸಿದರು.

ಅವನು ಒಳಗಿದ್ದಷ್ಟು ಕಾಲ ಅವಳು ಪ್ರತಿ ಭಾನುವಾರ ಜೋಳದ ಹಿಟ್ಟು, ಎಣ್ಣೆ, ಚಹಾಪುಡಿ ಹೊತ್ತು ಮಾನ್ಸೆಲೆಯ ಮನೆಗೆ ಹೋದಳು. ಮಾನ್ಸೆಲೆ ಎಲ್ಲವನ್ನೂ ಬಾಗಿಲಲ್ಲೇ ತೆಗೆದುಕೊಂಡು ಒಳಗೆ ಹೋಗುತ್ತಿದ್ದಳು. ಜೈಲಿಗೆ ನೋಡಲು ಹೋಗಬೇಕೆಂದರೆ ಗುರುತಿನ ಚೀಟಿ ತೋರಿಸಿ ಸಂಬಂಧ ಬರೆಸಬೇಕಿತ್ತು. ಅವಳು ಹೋಗಲಿಲ್ಲ.

ಅವನು ಬಿಡುಗಡೆಯಾಗಿ ಬಂದ ವಾರವೇ ನಶ್ಯದ ಡಬ್ಬಿ ಹಿಡಿದು ಓಡಿದಳು. ಫಲಾಖೆ ಅಂಗಳದಲ್ಲಿ ಬಿಸಿಲಿಗೆ ಕೂತಿದ್ದ. ತುಂಬ ಇಳಿದುಹೋಗಿದ್ದ.

"ಮಾವಾ!"

ಅವನು ಎದ್ದು ನಿಂತ. ಟೋಪಿ ತೆಗೆದು ಎದೆಗೆ ಹಿಡಿದುಕೊಂಡ. "ಬನ್ನಿ ಅಮ್ಮಾ, ಬನ್ನಿ. ಯಾರನ್ನ ನೋಡ್ಬೇಕಾಗಿತ್ತು?"

ಬೊನಾಕೆಲೆ ನಕ್ಕುಬಿಟ್ಟಳು. "ಸಾಕು ಮಾರಾಯ, ಇಲ್ಲಿ ಯಾವ ನ್ಟುಲೀನೂ ಇಲ್ಲ."

ಅವನು ನಗಲಿಲ್ಲ. ಮನೆಯ ಕಡೆ ತಿರುಗಿ ಕೂಗಿದ: "ಏ, ಪಾರ್ಕಿಂದ ಅಮ್ಮಾವ್ರು ಬಂದಿದಾರೆ, ಕುರ್ಚಿ ತಗೊಂಡು ಬಾ."

ಮಾನ್ಸೆಲೆ ಕುರ್ಚಿ ತಂದಳು. ಆ ಮನೆಯಲ್ಲಿ ಒಂದೇ ಕುರ್ಚಿ ಇತ್ತು. ಪಾದ್ರಿಯೋ ಊರ ಮುಖ್ಯಸ್ಥನೋ ಬಂದಾಗ ಮಾತ್ರ ಅದು ಹೊರಗೆ ಬರುತ್ತಿತ್ತು. ಮನೆಯ ಹೆಂಗಸರು ಕೂರುವುದು ಚಾಪೆಯ ಮೇಲೆ. ಬೊನಾಕೆಲೆ ಕುರ್ಚಿ ಬಿಟ್ಟು ಗೋಡೆಯ ಬದಿ ಸುತ್ತಿಟ್ಟಿದ್ದ ಚಾಪೆಗೆ ಕೈ ಹಾಕಿದಳು.

"ಅಯ್ಯೋ, ನೆಲದ ಮೇಲೆ ಬೇಡಿ ಅಮ್ಮಾ" ಎಂದ ಫಲಾಖೆ. "ನಿಮ್ಮ ಬಟ್ಟೆ ಕೊಳೆಯಾಗತ್ತೆ. ನಾವು ಬಡವರು, ಚಾಪೆ ತೊಳೆದು ಎಷ್ಟು ದಿನ ಆಯ್ತೋ."

ಅವಳು ಕುರ್ಚಿಯಲ್ಲಿ ಕೂತಳು. ಅವನು ಮಳೆಯ ಬಗ್ಗೆ, ರಸ್ತೆಯ ಬಗ್ಗೆ, ಪಾರ್ಕಿಗೆ ಈ ಸಲ ಜನ ಚೆನ್ನಾಗಿ ಬರುತ್ತಿದ್ದಾರೆಯೇ ಎಂಬ ಬಗ್ಗೆ ವಿಚಾರಿಸಿದ. ಒಂದು ಕಡೆಯೂ ದನಿ ಏರಿಸಲಿಲ್ಲ, ವ್ಯಂಗ್ಯವಾಡಲಿಲ್ಲ. ಬೈದಿದ್ದರೆ ಅವಳು ಕಾಲು ಹಿಡಿದು ಅಳಬಹುದಿತ್ತು. ಅಷ್ಟು ಮರ್ಯಾದೆ ಕೊಡುವವನ ಕಾಲು ಹಿಡಿಯುವುದು ಹೇಗೆ? ನಶ್ಯದ ಡಬ್ಬಿಯನ್ನು ಎರಡೂ ಕೈಯಲ್ಲಿ ತೆಗೆದುಕೊಂಡು, "ದೊಡ್ಡ ಮನಸ್ಸು ನಿಮ್ಮದು" ಎಂದ.

ಮಾನ್ಸೆಲೆ ಬೇಲಿಯವರೆಗೆ ಬಂದಳು. ಅಲ್ಲಿ ಬೊನಾಕೆಲೆ ಅವಳ ತೋಳು ಹಿಡಿದಳು.

"ಅತ್ತೇ, ಕೇಳಿದ್ರೆ ಗೊತ್ತಿಲ್ಲ ಅನ್ನು ಅಂತ ಅವನೇ ತಾನೇ ಹೇಳಿದ್ದು? ನೀನೂ ಇದ್ದೆ."

"ಇದ್ದೆ. ಗೊತ್ತಿಲ್ಲ ಅನ್ನು ಅಂದ. ಬೆರಳು ತೋರ್ಸು ಅಂದ್ನಾ?"

"ನನ್ನ ಕೆಲಸ ಹೋಗ್ತಿತ್ತು ಅತ್ತೇ."

"ಹೋಗ್ತಿತ್ತು. ಬಂದು ಚಾಪೆ ಮೇಲೆ ಕೂತ್ಕೊಂಡು ಗೆಡ್ಡೆ ಸುಲೀತಿದ್ದೆ." ಮಾನ್ಸೆಲೆ ತೋಳು ಬಿಡಿಸಿಕೊಂಡಳು. "ಜೈಲಲ್ಲಿ ಮೊದಲು ಸಿಟ್ಟಾಗಿದ್ನಂತೆ. ಆಮೇಲೆ, ಹೇಳಿಕೊಟ್ಟಿದ್ದು ನಾನೇ ಅಲ್ವಾ, ಹೇಳಿದ ಮಾತಿನಂತೆ ನಾನೂ ನಡೀತೀನಿ ಅಂದ. ಹಟಮಾರಿ ಅನ್ನೋದು ನಿಂಗೆ ಗೊತ್ತಲ್ಲ."

ಕಾಲ ಕಳೆದರೆ ಕರಗುತ್ತಾನೆಂದು ಬೊನಾಕೆಲೆ ಕಾದಳು. ಆಗ ಅವಳಿಗೆ ಲಿಂದಾನಿ ಎಂಬವನ ಸ್ನೇಹವಿತ್ತು. ಪಟ್ಟಣಕ್ಕೆ ವ್ಯಾನು ಓಡಿಸುವವನು, ನಗುಮುಖದವನು. ಮದುವೆಯ ಮಾತಿಗೆ ಅವನ ಚಿಕ್ಕಪ್ಪಂದಿರು ವಧುದಕ್ಷಿಣೆಯಾಗಿ ತಾವು ಕೊಡಬೇಕಾದ ಹಸುಗಳ ವಿಷಯ ಮಾತಾಡಲು ಹೆಣ್ಣಿನ ಮನೆಗೆ ಹೋಗಬೇಕು. ತಂದೆಯಿಲ್ಲದ ಬೊನಾಕೆಲೆಗೆ ಹೆಣ್ಣಿನ ಮನೆಯೆಂದರೆ ಫಲಾಖೆಯ ಮನೆ. ಇಂಥ ದಿನ ಬರುತ್ತಾರೆಂದು ಅವಳು ಮುಂಚೆಯೇ ಮಾನ್ಸೆಲೆಗೆ ಹೇಳಿಕಳಿಸಿದಳು. ಹಸು ಬೇಡವೆನ್ನುವ ಮುದುಕ ಎಲ್ಲಿದ್ದಾನೆ ಎಂದುಕೊಂಡಳು.

ಅವರು ಪದ್ಧತಿಯಂತೆ ನಸುಕಿನಲ್ಲೇ ಹೋಗಿ ಬೇಲಿಯ ಹೊರಗೆ ನಿಂತು ಝಿಖಾಲಿ ಮನೆತನದ ಹಿರಿಯರ ಹೆಸರು ಹಿಡಿದು ಹೊಗಳಿದರು. ಕೋಟು ಹಾಕಿಕೊಂಡೇ ಫಲಾಖೆ ಹೊರಗೆ ಬಂದ. ಒಳಗೆ ಕರೆದು ಕೂರಿಸಿ, ಮೊಸರು ಕೊಡಿಸಿ, ಬಂದ ಕಾರ್ಯ ಕೇಳಿದ.

"ನಿಮ್ಮ ತೋಟದಲ್ಲಿ ಒಂದು ಹೂವು ನೋಡಿದೀವಿ" ಎಂದರು ಅವರು. "ಬೊನಾಕೆಲೆ ಅಂತ."

"ದೂರದಿಂದ ಸುಸ್ತಾಗಿ ಬಂದಿದೀರಿ" ಎಂದ ಫಲಾಖೆ. "ನಿಮ್ಮನ್ನ ಬರಿಗೈಲಿ ಕಳಿಸೋಕೆ ನಂಗೇ ನಾಚಿಕೆ. ಆದ್ರೆ ಮನೆ ತಪ್ಪಿದೆ. ಈ ಮನೇಲಿ ಹೆಣ್ಣುಮಕ್ಕಳು ಯಾರೂ ಇಲ್ಲ. ಆ ಅಮ್ಮಾವ್ರನ್ನ ನಾನು ಕೋರ್ಟಲ್ಲಿ ಒಂದು ಸಲ ನೋಡಿದೀನಿ. ಅವರೂ ನನ್ನನ್ನ ನೋಡಿದಾರೆ. ಇದು ಪ್ರಮಾಣ ಮಾಡಿ ಹೇಳಿದ ಮಾತು, ಬೇಕಾದ್ರೆ ಅಲ್ಲಿ ಹೋಗಿ ಕೇಳಿ."

ತವರು ಮನೆಗೇ ಬೇಡವಾದ ಹೆಣ್ಣನ್ನು ತರುವುದು ಹೇಗೆ, ಹಸುಗಳನ್ನು ಯಾರ ದೊಡ್ಡಿಗೆ ಅಟ್ಟುವುದು ಎಂದು ಲಿಂದಾನಿಯ ಮನೆಯವರು ಹಿಂದೆಗೆದರು. ಲಿಂದಾನಿ ಸ್ವಲ್ಪ ದಿನ ಜಗಳವಾಡಿದ, ಆಮೇಲೆ ಬರುವುದು ಕಡಿಮೆ ಮಾಡಿದ, ಆಮೇಲೆ ಅವನ ವ್ಯಾನು ಬೇರೆ ದಾರಿಯಲ್ಲಿ ಓಡಿತು. ಬೊನಾಕೆಲೆ ತಫೇನಿಯ ಬಾಡಿಗೆ ಕೋಣೆ ಬಿಟ್ಟು ಪಾರ್ಕಿನೊಳಗಿನ ನೌಕರರ ಸಾಲುಮನೆಗೆ ಹೋದಳು. ಅದು ಅವಳ ಅಜ್ಜನನ್ನು ಲಾರಿ ಹತ್ತಿಸಿದ ಜಾಗದಿಂದ ಕೂಗಳತೆಯಲ್ಲಿತ್ತು. ಡೆರಿಕ್ ಅವಳನ್ನು ಮುಖ್ಯ ಗೈಡು ಮಾಡಿದ. ಅವಳ ಕೈಕೆಳಗೆ ಕಲಿತವರು ಅವಳಿಗೆ ಹೆದರುತ್ತಿದ್ದರು. ಒಂದು ಹಕ್ಕಿ ತಪ್ಪು ಹೇಳಿದರೂ ಬಂದವರೆದುರೇ ಬೈಯುತ್ತಾಳೆ, ಊಟಕ್ಕೆ ಯಾರ ಜೊತೆಯೂ ಕೂರುವುದಿಲ್ಲ ಎಂದು ದೂರಿಕೊಳ್ಳುತ್ತಿದ್ದರು.

ಮಾನ್ಸೆಲೆ ಸತ್ತ ಸುದ್ದಿ ಅವಳಿಗೆ ಯಾರೂ ಹೇಳಿಕಳಿಸಲಿಲ್ಲ. ಗೇಟಿನ ಕಾವಲುಗಾರನೊಬ್ಬನ ಬಾಯಿಂದ ಕೇಳಿ, ಮಣ್ಣು ಮಾಡುವ ಶನಿವಾರ ಹೋದಳು. ಖಾಕಿ ತೆಗೆದು ಕಪ್ಪು ಉಡುಪು ಹಾಕಿದ್ದಳು, ಹೆಗಲ ಮೇಲೆ ಶಾಲು ಹೊದ್ದಿದ್ದಳು. ಒಳಗೆ ಶವದ ಪಕ್ಕ ಚಾಪೆಯ ಮೇಲೆ ಕೂತ ಹೆಂಗಸರು ಅವಳನ್ನು ನೋಡಿಯೂ ಸರಿದು ಜಾಗ ಕೊಡಲಿಲ್ಲ. ಅವಳು ಹಿತ್ತಲಿಗೆ ಹೋಗಿ, ದೊಡ್ಡ ಹಂಡೆಗಳ ಹತ್ತಿರ ಕೋಸು ಹೆಚ್ಚುವವರ ಜೊತೆ ಸೇರಿಕೊಂಡಳು. ಅಲ್ಲಿ ಯಾರೂ ಬೇಡವೆನ್ನಲಿಲ್ಲ, ಕೆಲಸಕ್ಕೆ ಕೈ ಬೇಕಾಗಿತ್ತು.

ಮಣ್ಣು ಮಾಡಿ ಬಂದ ಮೇಲೆ ಫಲಾಖೆ ಎದ್ದು ನಿಂತು ಬಂದವರಿಗೆಲ್ಲ ವಂದಿಸಿದ. ನೆಂಟರಿಗೆ, ನೆರೆಯವರಿಗೆ, ಚರ್ಚಿನವರಿಗೆ ಹೇಳಿ ಮುಗಿಸಿ, ಹಿತ್ತಲಿನ ಕಡೆ ತಿರುಗಿದ.

"ಪಾರ್ಕಿನಿಂದಲೂ ಒಬ್ಬ ಅಮ್ಮಾವ್ರು ಬಂದಿದಾರೆ. ನಮಗೂ ಅವರಿಗೂ ಏನೂ ಸಂಬಂಧ ಇಲ್ಲ. ಆದ್ರೂ ಬಂದು ಕೈ ಕೊಳೆ ಮಾಡ್ಕೊಂಡು ಕೆಲಸ ಮಾಡಿದಾರೆ. ಅವರಿಗೆ ಊಟ ಬಡಿಸದೆ ಕಳಿಸಬೇಡಿ."

ಜನ ತಲೆ ತಗ್ಗಿಸಿದರು. ಬೊನಾಕೆಲೆ ಕೈಯಲ್ಲಿದ್ದ ಕೋಸನ್ನು ಹೆಚ್ಚಿ ಮುಗಿಸಿ, ಇನ್ನೊಂದನ್ನು ಎತ್ತಿಕೊಂಡಳು. ಪಕ್ಕದಲ್ಲಿದ್ದ ಮುದುಕಿ ಡರ್ಬನ್ ಕಡೆಯಿಂದ ಬಂದ ನೆಂಟಳು, ಅವಳಿಗೆ ಇದೊಂದೂ ತಿಳಿಯದು. ಅವಳು ಬಗ್ಗಿ ಬೊನಾಕೆಲೆಯ ಮುಖ ನೋಡಿದಳು.

"ಎಲ್ಲೋ ನೋಡಿದ ಹಾಗಿದೆ ನಿನ್ನ ಮೂಗು. ಯಾರ ಕಡೆಯವಳಮ್ಮಾ ನೀನು?"

"ಪಾರ್ಕಿನಿಂದ ಬಂದೆ" ಎಂದಳು ಬೊನಾಕೆಲೆ.

ತಟ್ಟೆಯಲ್ಲಿ ಊಟ ಬಂತು. ಅದರ ಹಿಂದೆಯೇ ಯಾರೋ ಕುರ್ಚಿಯನ್ನೂ ತಂದಿಟ್ಟರು. ಅವಳು ಕೂತು ಎಲ್ಲವನ್ನೂ ತಿಂದಳು, ತಟ್ಟೆ ತೊಳೆದಿಟ್ಟಳು, ಕೊನೆಯ ವ್ಯಾನು ಹಿಡಿದು ಹೋದಳು. ಭಾನುವಾರ ಬೆಳಿಗ್ಗೆ ಇಡೀ ದಿನದ ಸಫಾರಿಗೆ ಆರು ಜನರಿದ್ದರು.